ಕ್ಯಾಂಟನ್ ಮೇಳದ ನಡುವೆ ಮೂರು ದಿನ ಬಿಡುವು: ಚೀನಾದಲ್ಲಿ ಮೊದಲ ತೈಚಿ ಪಾಠದ ಬಗ್ಗೆ ಪ್ರಶ್ನೋತ್ತರ

ಪ್ರಶ್ನೆ (ದಾವಣಗೆರೆಯ ಸದಸ್ಯರು):

ನಮಸ್ಕಾರ ಮೇಡಂ. ನಾನು ದಾವಣಗೆರೆಯಲ್ಲಿ ಹಾರ್ಡ್‌ವೇರ್ ಅಂಗಡಿ ನಡೆಸುತ್ತೇನೆ, ವಯಸ್ಸು 46. ಬರುವ ಅಕ್ಟೋಬರಿನಲ್ಲಿ ಚೀನಾದ ಗುವಾಂಗ್‌ಝೌ ನಗರದಲ್ಲಿ ನಡೆಯುವ ಕ್ಯಾಂಟನ್ ಮೇಳ ಎಂಬ ವ್ಯಾಪಾರ ಮೇಳಕ್ಕೆ ಹೋಗುವವನಿದ್ದೇನೆ. ಕೈ ಉಪಕರಣಗಳ ಮಳಿಗೆಗಳು ಮೊದಲ ಹಂತದಲ್ಲಿಯೂ ಕಟ್ಟಡ ಸಾಮಗ್ರಿಗಳ ಮಳಿಗೆಗಳು ಎರಡನೆಯ ಹಂತದಲ್ಲಿಯೂ ಇರುವುದರಿಂದ, 20ರಿಂದ 22ರವರೆಗೆ ಮೂರು ದಿನ ನನಗೆ ಏನೂ ಕೆಲಸವಿರುವುದಿಲ್ಲ. ಆ ದಿನಗಳಲ್ಲಿ ಚೀನೀ ಸಮರಕಲೆಯ ಆರಂಭಿಕ ತರಗತಿಗೆ ಸೇರಬೇಕೆಂಬ ಆಸೆ. ಹುಡುಗನಾಗಿದ್ದಾಗ ಐದಾರು ವರ್ಷ ಗರಡಿಯಲ್ಲಿ ಸಾಮು ಮಾಡಿದ್ದೇನೆ. ಈಗ ಎಡ ಮಂಡಿಯಲ್ಲಿ ಸವೆತ ಆರಂಭವಾಗಿದೆ, ಬಸ್ಕಿ ಹೊಡೆಯಬೇಡಿ ಎಂದು ವೈದ್ಯರು ಹೇಳಿದ್ದಾರೆ. ಹತ್ತಿರದ ಫೋಶಾನ್ ಊರು ವಿಂಗ್ ಚುನ್ ವಿದ್ಯೆಗೆ ಹೆಸರಾದದ್ದು ಎಂದು ಕೇಳಿದ್ದೇನೆ. ತಾವು ಅಲ್ಲಿದ್ದು ಕಲಿತವರು. ನನಗೆ ವಿಂಗ್ ಚುನ್ ಸರಿಯೋ ತೈಚಿ ಸರಿಯೋ, ಮೂರು ದಿನದಲ್ಲಿ ಒಂದು ವರಸೆಯನ್ನಾದರೂ ಪೂರ್ತಿಯಾಗಿ ಕಲಿತು ಬರಬಹುದೋ, ದಯವಿಟ್ಟು ತಿಳಿಸಿ.

ಉತ್ತರ:

ನಮಸ್ಕಾರ ಸರ್. ಎರಡನೆಯ ಪ್ರಶ್ನೆಯಿಂದಲೇ ಆರಂಭಿಸುತ್ತೇನೆ, ಏಕೆಂದರೆ ಅದರ ಉತ್ತರ ಸರಿಯಾಗಿ ಮನಸ್ಸಿಗೆ ಬಂದರೆ ಉಳಿದದ್ದು ತಾನಾಗಿ ತೀರ್ಮಾನವಾಗುತ್ತದೆ. ಮೂರು ದಿನದಲ್ಲಿ ಒಂದು ವರಸೆ ಪೂರ್ತಿಯಾಗುವುದಿಲ್ಲ, ಆಗಬೇಕೆಂದು ಬಯಸಲೂ ಬೇಡಿ. ಎಲ್ಲರೂ ಹೇಳುವ 24 ಪಟ್ಟುಗಳ ತೈಚಿ ವರಸೆಯನ್ನು ಚೀನಾದ ಕ್ರೀಡಾ ಆಯೋಗವು 1956ರಲ್ಲಿ, ಯಾಂಗ್ ಮನೆತನದ ಉದ್ದನೆಯ ವರಸೆಯನ್ನು ಸಂಕ್ಷೇಪಿಸಿ, ಜನಸಾಮಾನ್ಯರ ಆರೋಗ್ಯಕ್ಕಾಗಿ ಸಿದ್ಧಪಡಿಸಿತು. ಮಾಡಿ ಮುಗಿಸಲು ಐದಾರು ನಿಮಿಷ ಸಾಕು. ಆ ಐದಾರು ನಿಮಿಷವನ್ನು ಕಂಡು ಇದು ಸುಲಭವೆಂದು ಜನ ತಿಳಿಯುತ್ತಾರೆ. ಬೆಂಗಳೂರಿನ ನನ್ನ ತರಗತಿಗೆ ವಾರಕ್ಕೆ ಮೂರು ದಿನ ತಪ್ಪದೆ ಬರುವವರಿಗೂ ಅದರ ಹೊರ ಆಕಾರ ಮೈಗೆ ಹತ್ತಲು ನಾಲ್ಕೈದು ತಿಂಗಳು ಹಿಡಿಯುತ್ತದೆ. ಮೂರು ದಿನದಲ್ಲಿ ನಿಮಗೆ ನಿಜವಾಗಿ ದಕ್ಕಬಹುದಾದದ್ದು ನಿಲ್ಲುವ ಕ್ರಮ, ಮತ್ತು ಭಾರವನ್ನು ಒಂದು ಕಾಲಿನಿಂದ ಇನ್ನೊಂದು ಕಾಲಿಗೆ ಸಾಗಿಸುವ ಕ್ರಮ. ಇವೆರಡನ್ನು ಒಬ್ಬ ಒಳ್ಳೆಯ ಗುರುವಿನ ಕಣ್ಣೆದುರು ತಿದ್ದಿಸಿಕೊಂಡು ಬಂದರೆ, ಮುಂದೆ ಊರಿನಲ್ಲಿ ಯಾರ ಬಳಿ ಕಲಿತರೂ ಆ ತಳಪಾಯ ಉಪಯೋಗಕ್ಕೆ ಬರುತ್ತದೆ.

ಇನ್ನು ಆಯ್ಕೆಯ ವಿಷಯ. ಫೋಶಾನ್ ಬಗ್ಗೆ ನೀವು ಕೇಳಿರುವುದು ನಿಜ. ವಿಂಗ್ ಚುನ್ ಗುರು ಇಪ್ ಮನ್ 1893ರಲ್ಲಿ ಹುಟ್ಟಿದ್ದು ಅಲ್ಲಿ. ಮುಂದೆ ಹಾಂಗ್ ಕಾಂಗ್‌ಗೆ ಹೋಗಿ ನೆಲೆಸಿ ಬ್ರೂಸ್ ಲೀಗೆ ಕಲಿಸಿದವರೂ ಅವರೇ. ಆದರೆ ವಿಂಗ್ ಚುನ್‌ನ ಮೊದಲ ನಿಲುವಿನಲ್ಲಿ ಎರಡೂ ಪಾದಗಳ ಬೆರಳುಗಳು ಒಳಮುಖವಾಗಿರುತ್ತವೆ ಮತ್ತು ಮಂಡಿಗಳು ಒಂದನ್ನೊಂದು ಸೆಳೆಯುವಂತೆ ಒಳಕ್ಕೆ ಬರುತ್ತವೆ. ತೊಡೆಗಳ ನಡುವೆ ಒಂದು ಮೇಕೆಯನ್ನು ಅದುಮಿ ಹಿಡಿದಂತೆ ನಿಲ್ಲಬೇಕು ಎಂಬುದು ಆ ನಿಲುವಿನ ಹೆಸರಿನಲ್ಲಿಯೇ ಇದೆ. ಸಿಯು ನಿಮ್ ತಾವ್ ಎಂಬ ಮೊದಲ ವರಸೆಯನ್ನು ಒಂದು ಹೆಜ್ಜೆಯನ್ನೂ ಇಡದೆ ಇದೇ ನಿಲುವಿನಲ್ಲಿ ನಿಂತು ಮಾಡಬೇಕು. ಗಟ್ಟಿ ಮಂಡಿಯವರಿಗೆ ಇದು ಅದ್ಭುತವಾದ ಅಭ್ಯಾಸ, ಸವೆದ ಮಂಡಿಗೆ ಮೊದಲ ದಿನವೇ ಇದನ್ನು ಹೇಳಲು ನನಗೆ ಮನಸ್ಸು ಒಪ್ಪುವುದಿಲ್ಲ. ದಕ್ಷಿಣ ಚೀನಾದ ಇನ್ನೊಂದು ದೊಡ್ಡ ಪರಂಪರೆಯಾದ ಹುಂಗ್ ಗಾರ್‌ನಲ್ಲಿ ಕುದುರೆ ಸವಾರನಂತೆ ತೊಡೆ ನೆಲಕ್ಕೆ ಸಮಾನಾಂತರವಾಗುವಷ್ಟು ಕೆಳಗೆ ಕುಳಿತು ನಿಲ್ಲುತ್ತಾರೆ, ಅದು ನಿಮ್ಮ ವೈದ್ಯರು ಬೇಡವೆಂದ ಬಸ್ಕಿಯ ಅರ್ಧದಾರಿಯೇ ಸರಿ. ಆದ್ದರಿಂದ ತೈಚಿಯನ್ನೇ ಕಲಿಯಿರಿ, ಅದನ್ನೂ ಎತ್ತರದ ನಿಲುವಿನಲ್ಲಿ ಕಲಿಯಿರಿ.

ತೈಚಿಯೆಂದರೆ ಮಂಡಿಗೆ ಅಪಾಯವೇ ಇಲ್ಲವೆಂದು ಮಾತ್ರ ಭಾವಿಸಬೇಡಿ. ಗುವಾಂಗ್‌ಝೌನಲ್ಲಿ ನನ್ನ ಮೊದಲ ವಾರದಲ್ಲಿ ಒಂದು ಶಾಲೆಯ ಸಿಮೆಂಟ್ ಅಂಗಳದಲ್ಲಿ, ಓಡುವವರು ಹಾಕುವ ದಪ್ಪ ಅಟ್ಟೆಯ ಬೂಟು ಧರಿಸಿ, ಮೂವತ್ತು ಜನರ ಹಿಂದೆ ನಿಂತು ನೋಡಿ ನೋಡಿ ಮಾಡುತ್ತಿದ್ದೆ. ಕಲಿಸುವವರು ಒಮ್ಮೆಯೂ ನನ್ನ ಪಾದದ ಕಡೆಗೆ ನೋಡಲಿಲ್ಲ. ಮೂರನೆಯ ದಿನ ತಿರುಗುವಾಗ ಸೊಂಟ ತಿರುಗಿತು, ಬೂಟು ನೆಲಕ್ಕೆ ಕಚ್ಚಿಕೊಂಡು ಹಾಗೆಯೇ ಉಳಿಯಿತು, ನಡುವೆ ಸಿಕ್ಕ ಮಂಡಿ ತಿರುಚಿತು. ಆರು ವಾರ ಮೆಟ್ಟಿಲು ಹತ್ತುವುದು ಕಷ್ಟವಾಯಿತು. ಮಂಡಿ ಬಾಗಿಲಿನ ತಿರುಗಣಿಯಂತೆ ಮುಂದಕ್ಕೆ ಹಿಂದಕ್ಕೆ ಮಡಿಸಲಿಕ್ಕೆ ಇರುವ ಕೀಲು, ಭಾರ ಹೊತ್ತು ಪಕ್ಕಕ್ಕೆ ತಿರುಗಲಿಕ್ಕೆ ಇರುವುದಲ್ಲ. ಆದ್ದರಿಂದ ತಿರುಗುವ ಮೊದಲು ಭಾರವನ್ನು ಹಿಂದಿನ ಕಾಲಿಗೆ ಸರಿಸಬೇಕು, ಮುಂದಿನ ಪಾದದ ಬೆರಳುಗಳನ್ನು ಎತ್ತಿ ಹಿಮ್ಮಡಿಯ ಮೇಲೆ ಪಾದವನ್ನು ತಿರುಗಿಸಬೇಕು, ಪಾದ ಪೂರ್ತಿ ಊರಿದ ಮೇಲೆಯೇ ಭಾರವನ್ನು ಮತ್ತೆ ಅದರ ಮೇಲೆ ತರಬೇಕು. ಮಂಡಿಚಿಪ್ಪು ಯಾವಾಗಲೂ ಕಾಲಿನ ಎರಡನೆಯ ಬೆರಳು ತೋರಿಸುವ ದಿಕ್ಕನ್ನೇ ನೋಡುತ್ತಿರಬೇಕು. ತೆಳು ಅಟ್ಟೆಯ, ಸಮತಟ್ಟಾದ ಬಟ್ಟೆಯ ಬೂಟು ಕೊಂಡುಕೊಳ್ಳಿ, ಅಲ್ಲಿ ಸುಲಭವಾಗಿ ಸಿಗುತ್ತದೆ.

ಪ್ರಶ್ನೆ (ದಾವಣಗೆರೆಯ ಸದಸ್ಯರು):

ಬಹಳ ಉಪಕಾರವಾಯಿತು ಮೇಡಂ. ಹಾಗಾದರೆ ಆ ಮೂರು ದಿನಗಳನ್ನು ಹೇಗೆ ಹೊಂದಿಸಿಕೊಳ್ಳಲಿ? ಒಳ್ಳೆಯ ಗುರುವನ್ನು ಗುರುತಿಸುವುದು ಹೇಗೆ? ಭಾಷೆಯೂ ಬರುವುದಿಲ್ಲ.

ಉತ್ತರ:

ಮೊದಲ ದಿನ ಬೆಳಿಗ್ಗೆ ಆರೂವರೆಯ ಹೊತ್ತಿಗೆ ಮೆಟ್ರೋ ಎರಡನೆಯ ಮಾರ್ಗದಲ್ಲಿ ಯುಯೆಶಿಯು ಪಾರ್ಕ್ ನಿಲ್ದಾಣದಲ್ಲಿ ಇಳಿಯಿರಿ. ನಗರದ ಗುರುತಾದ ಐದು ಟಗರುಗಳ ಶಿಲ್ಪ ಇರುವುದು ಆ ಉದ್ಯಾನದಲ್ಲಿಯೇ. ಮರಗಳ ಕೆಳಗೆ ಅರುವತ್ತು ಎಪ್ಪತ್ತು ದಾಟಿದ ಹಿರಿಯರು ಸಣ್ಣ ಧ್ವನಿಪೆಟ್ಟಿಗೆ ಇಟ್ಟುಕೊಂಡು ಅಭ್ಯಾಸ ಮಾಡುತ್ತಿರುತ್ತಾರೆ. ಕಾಲು ಗಂಟೆ ಸುಮ್ಮನೆ ನೋಡಿ, ಅನಂತರ ತಲೆಬಾಗಿ ನಮಸ್ಕರಿಸಿ, ಸೇರಿಕೊಳ್ಳಬಹುದೇ ಎಂದು ಸನ್ನೆಯಲ್ಲಿ ಕೇಳಿ. ನನಗೆ ಇದುವರೆಗೆ ಯಾರೂ ಬೇಡವೆಂದದ್ದಿಲ್ಲ. ನಿಲ್ಲುವಾಗ ಗುಂಪಿನ ಮಧ್ಯದಲ್ಲಿ ನಿಲ್ಲಿ. ವರಸೆಯ ಅರ್ಧದಲ್ಲಿ ಎಲ್ಲರೂ ಹಿಂದಿರುಗಿ ಎದುರು ದಿಕ್ಕಿಗೆ ಮುಖ ಮಾಡುತ್ತಾರೆ. ಸಂಕೋಚದಿಂದ ಅಂಚಿನಲ್ಲಿ ನಿಂತವರಿಗೆ ಆಗ ನೋಡಿಕೊಳ್ಳಲು ಮುಂದೆ ಯಾರೂ ಇರುವುದಿಲ್ಲ. ಆ ದಿನ ನೀವು ಕೈಗಳ ಬಗ್ಗೆ ಯೋಚಿಸಲೇಬೇಡಿ, ಅವರ ಕಾಲುಗಳನ್ನಷ್ಟೇ ಅನುಸರಿಸಿ.

ಎರಡನೆಯ ದಿನವನ್ನು ಹಣ ಕೊಟ್ಟು ಕಲಿಯುವ ಪಾಠಕ್ಕೆ ಇಟ್ಟುಕೊಳ್ಳಿ. ಉದ್ಯಾನದ ಗುಂಪಿನವರನ್ನೇ ಕೇಳಿದರೆ ಸಾಮಾನ್ಯವಾಗಿ ಒಬ್ಬರ ಹೆಸರು ಹೇಳುತ್ತಾರೆ, ಉಳಿದುಕೊಂಡ ಹೋಟೆಲಿನವರೂ ವಿಚಾರಿಸಿ ಕೊಡುತ್ತಾರೆ. ಒಳ್ಳೆಯ ಗುರುವಿನ ಲಕ್ಷಣ ಹೇಳಬೇಕೆಂದರೆ, ಮೊದಲ ಅರ್ಧ ಗಂಟೆಯಲ್ಲಿ ನಿಮ್ಮ ನೋವುಗಳ ಬಗ್ಗೆ ವಿಚಾರಿಸುತ್ತಾರೆ, ನಿಮ್ಮನ್ನು ಸುಮ್ಮನೆ ನಿಲ್ಲಿಸುತ್ತಾರೆ, ಸುತ್ತಲೂ ನಡೆದು ನೋಡುತ್ತಾರೆ, ಎರಡು ಬೆರಳಿನಿಂದ ಹೆಗಲನ್ನು ಕೆಳಕ್ಕೆ ಇಳಿಸುತ್ತಾರೆ ಅಥವಾ ಪಾದವನ್ನು ಒಂದಂಗುಲ ಸರಿಸುತ್ತಾರೆ. ಗರಡಿಯ ವಸ್ತಾದರ ಕೈಯಲ್ಲಿ ಬೆಳೆದ ನಿಮಗೆ ಆ ನೋಟ ತಕ್ಷಣ ಗುರುತು ಸಿಗುತ್ತದೆ. ಎರಡು ದಿನದಲ್ಲಿ ಶಿಷ್ಯನೆಂದು ಪ್ರಮಾಣಪತ್ರ ಕೊಡುತ್ತೇವೆ ಎನ್ನುವವರನ್ನು, ಪೂರ್ತಿ ಹಣವನ್ನು ಮುಂಗಡ ಕೇಳುವವರನ್ನು ಬಿಟ್ಟುಬಿಡಿ. ಗುರುವಿಗೆ ಚಹಾ ಅರ್ಪಿಸಿ ಶಿಷ್ಯನಾಗುವುದು ಆ ನಾಡಿನಲ್ಲಿ ವರ್ಷಗಟ್ಟಲೆ ಒಡನಾಟದ ಬಳಿಕ ನಡೆಯುವ ಗಂಭೀರವಾದ ಕ್ರಿಯೆ.

ಭಾಷೆಗೆ ಮೊಬೈಲಿನ ಅನುವಾದ ಸಾಕಾಗುತ್ತದೆ, ಆದರೂ ಕೆಲವು ಮಾತುಗಳು ಬಾಯಲ್ಲಿರಲಿ. ‘ಶೀಗೈ ಥೆಂಗ್’ ಎಂದರೆ ಮಂಡಿ ನೋಯುತ್ತದೆ, ‘ಮಾನ್ ಮಾನ್’ ಎಂದರೆ ನಿಧಾನ. ಗುರು ನಿಮಗೆ ಪದೇ ಪದೇ ಹೇಳುವ ಮಾತು ‘ಸೊಂಗ್’ ಆಗಿರುತ್ತದೆ, ಬಿಗಿ ಬಿಟ್ಟು ಸಡಿಲವಾಗು ಎಂದು. ಕುಸ್ತಿ ಮಾಡಿದವರಿಗೆ ಇದೇ ಎಲ್ಲಕ್ಕಿಂತ ಕಷ್ಟ, ಹೆಗಲು ತಾನಾಗಿ ಮೇಲೇಳುತ್ತದೆ. ಅವರನ್ನು ‘ಲಾವ್‌ಶಿ’ ಎಂದು ಕರೆಯಿರಿ. ಅಲ್ಲಿನ ಕ್ಯಾಂಟನೀಸ್ ಮಾತಿನಲ್ಲಿ ‘ಸಿಫು’ ಎಂದರೂ ಗೌರವವೇ, ಟ್ಯಾಕ್ಸಿ ಓಡಿಸುವವರನ್ನೂ ಅಡುಗೆಯವರನ್ನೂ ಅಲ್ಲಿ ಹಾಗೆಯೇ ಕರೆಯುತ್ತಾರೆ. ವಂದಿಸುವಾಗ ಬಲಗೈ ಮುಷ್ಟಿಯ ಮೇಲೆ ಎಡ ಅಂಗೈ ಬರಬೇಕು, ಅದಲುಬದಲಾಗದಿರಲಿ. ಹಣ ಕೊಡಲು ವೀಸಾ ಅಥವಾ ಮಾಸ್ಟರ್‌ಕಾರ್ಡ್ ಒಂದನ್ನು ಅಲಿಪೇ ಆ್ಯಪಿಗೆ ಊರಿನಲ್ಲಿಯೇ ಜೋಡಿಸಿಕೊಂಡು ಹೊರಡಿ.

ಮೂರನೆಯ ದಿನ ಬೆಳಿಗ್ಗೆ ಅದೇ ಗುರುವಿನ ಬಳಿ ಹಿಂದಿನ ದಿನದ ಪಾಠವನ್ನೇ ಮತ್ತೆ ಮಾಡಿ, ಹೊಸತನ್ನು ಕೇಳಬೇಡಿ. ಮಧ್ಯಾಹ್ನ ಫೋಶಾನ್‌ಗೆ ಹೋಗಿ ಬನ್ನಿ. ಮೇಳ ನಡೆಯುವ ಪಾಝೌದಿಂದ ಎಂಟನೆಯ ಮಾರ್ಗ ಹಿಡಿದು, ಶಾಯುವಾನ್‌ನಲ್ಲಿ ಗುವಾಂಗ್‌ಫೋ ಮಾರ್ಗಕ್ಕೆ ಬದಲಾಯಿಸಿದರೆ ಝೂಮಿಯಾವ್ ನಿಲ್ದಾಣದಲ್ಲಿ ಇಳಿಯಬಹುದು. ಅಲ್ಲಿನ ಹಳೆಯ ದೇವಾಲಯದ ಆವರಣದಲ್ಲಿ ಇಪ್ ಮನ್ ಅವರ ಮತ್ತು ಹುಂಗ್ ಗಾರ್ ಗುರು ವಾಂಗ್ ಫೇ ಹುಂಗ್ ಅವರ ಸ್ಮಾರಕಗಳಿವೆ. ಕಲಿಯದಿದ್ದರೂ ಆ ವಿದ್ಯೆಗಳನ್ನು ಅವು ಬೆಳೆದ ಊರಿನಲ್ಲಿ ನೋಡಿದ ತೃಪ್ತಿ ನಿಮಗೆ ಸಿಗಲಿ.

ಪ್ರಶ್ನೆ (ಉಡುಪಿಯ ಸದಸ್ಯೆ):

ಅಕ್ಕ, ಈ ವಿದ್ಯೆಯನ್ನೆಲ್ಲ ದಕ್ಷಿಣ ಭಾರತದ ಬೋಧಿಧರ್ಮನೇ ಚೀನಾಕ್ಕೆ ಒಯ್ದನೆಂದು ಎಲ್ಲೆಡೆ ಹೇಳುತ್ತಾರೆ. ಅಲ್ಲಿನ ಗುರುಗಳ ಮುಂದೆ ಈ ಮಾತನ್ನು ಎತ್ತಬಹುದೇ? ಹಾಗೆಯೇ, ನಾನು ಮುಂದಿನ ವರ್ಷ ಒಬ್ಬಳೇ ಹೋಗಿ ಎರಡು ತಿಂಗಳು ಶಾಲೆಯಲ್ಲಿದ್ದು ಕಲಿಯಬೇಕೆಂದಿದ್ದೇನೆ.

ಉತ್ತರ:

ಎತ್ತಬಹುದಮ್ಮ, ಆದರೆ ಹಕ್ಕು ಸಾಧಿಸುವಂತೆ ಬೇಡ. ಬೋಧಿಧರ್ಮನು ದಕ್ಷಿಣ ಭಾರತದಿಂದ ಬಂದವನೆಂದು ಚೀನೀ ಬೌದ್ಧ ಪರಂಪರೆಯೇ ಹೇಳುತ್ತದೆ, ಝೆನ್ ಪಂಥದ ಮೂಲಗುರುವಾಗಿ ಅವನನ್ನು ಪೂಜಿಸುತ್ತದೆ. ಅವನ ಬಗ್ಗೆ ಇರುವ ಅತ್ಯಂತ ಹಳೆಯ ಬರಹಗಳಲ್ಲಿ ಧ್ಯಾನದ ಮಾತಿದೆ, ಹೋರಾಟದ ವಿದ್ಯೆಯ ಮಾತಿಲ್ಲ. ಅವನ ಹೆಸರಿನಲ್ಲಿರುವ ವ್ಯಾಯಾಮ ಗ್ರಂಥ ‘ಯಿ ಜಿನ್ ಜಿಂಗ್’ ಹದಿನೇಳನೆಯ ಶತಮಾನದ್ದೆಂದು ವಿದ್ವಾಂಸರು ತೋರಿಸಿಕೊಟ್ಟಿದ್ದಾರೆ, ಅಂದರೆ ಅವನಿಗಿಂತ ಸಾವಿರ ವರ್ಷ ಈಚಿನದು. ತೈಚಿಗಂತೂ ಅದರದೇ ಊರಿದೆ. ಹೆನಾನ್ ಪ್ರಾಂತ್ಯದ ಚೆನ್‌ಜಿಯಾಗೋ ಹಳ್ಳಿಯಲ್ಲಿ ಹದಿನೇಳನೆಯ ಶತಮಾನದ ಚೆನ್ ವಾಂಗ್‌ತಿಂಗ್ ಎಂಬವರಿಂದ ಆ ಮನೆತನದ ಪರಂಪರೆ ಮೊದಲಾಯಿತೆನ್ನುತ್ತಾರೆ. ಅಲ್ಲಿ ಕಲಿತ ಯಾಂಗ್ ಲೂಚಾನ್ ಅದನ್ನು ಬೀಜಿಂಗ್‌ಗೆ ಒಯ್ದರು. 2020ರಲ್ಲಿ ಯುನೆಸ್ಕೊ ತೈಚಿಯನ್ನು ಮಾನವಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು. ಅವರ ಹಿರಿಯರು ಬೆವರು ಸುರಿಸಿ ಕಟ್ಟಿದ್ದನ್ನು ಅವರದೆಂದೇ ಒಪ್ಪಿಕೊಂಡು ಕಲಿಯುವುದು ನಮಗೂ ಶೋಭೆ.

ಎರಡು ತಿಂಗಳ ವಾಸಕ್ಕೆ ಪ್ರವಾಸಿ ವೀಸಾದ ಮೇಲೆ ಹೋಗಬೇಡಿ. 180 ದಿನದೊಳಗಿನ ವ್ಯಾಸಂಗಕ್ಕೆ ಎಕ್ಸ್-2 ಎಂಬ ವೀಸಾ ಇದೆ, ಅದಕ್ಕೆ ಶಾಲೆಯೇ ಪ್ರವೇಶಪತ್ರ ಕಳುಹಿಸಬೇಕು. ಆ ಪತ್ರ ಕೊಡಲು ಹಿಂದೆಮುಂದೆ ನೋಡುವ ಶಾಲೆಯನ್ನು ಅಲ್ಲಿಗೇ ಕೈಬಿಡಿ. ಒಬ್ಬರೇ ಹೋಗುವುದರಿಂದ, ಅಲ್ಲಿ ಈ ಮೊದಲು ಕಲಿತ ಇಬ್ಬರು ಹೆಣ್ಣುಮಕ್ಕಳೊಡನೆ ಮಾತನಾಡಿದ ಮೇಲೆಯೇ ಹಣ ಕಳುಹಿಸಿ. ತಿದ್ದುವಾಗ ಮುಟ್ಟುವುದು ಈ ವಿದ್ಯೆಯಲ್ಲಿ ಸಹಜ, ಆದರೆ ಹೆಗಲು, ಮೊಣಕೈ, ಸೊಂಟದ ಪಕ್ಕ, ಪಾದ ಇವಿಷ್ಟನ್ನು ತಿದ್ದಿದರೆ ಆರಂಭಿಕರಿಗೆ ಸಾಕು. ಹಿತವೆನಿಸದಿದ್ದರೆ ಒಂದು ಹೆಜ್ಜೆ ಹಿಂದೆ ಸರಿದು ಕೈ ಅಡ್ಡ ಹಿಡಿಯಿರಿ, ಅಲ್ಲಿಯೂ ಅದರ ಅರ್ಥ ಎಲ್ಲರಿಗೂ ತಿಳಿಯುತ್ತದೆ.

ಪ್ರಶ್ನೆ (ದಾವಣಗೆರೆಯ ಸದಸ್ಯರು):

ಕೊನೆಯದಾಗಿ ಒಂದು, ಮೇಡಂ. ಊರಿಗೆ ಬಂದ ಮೇಲೆ ಮರೆಯದಿರಲು ಗುರುಗಳ ವಿಡಿಯೋ ಮಾಡಿಕೊಳ್ಳಬಹುದೇ?

ಉತ್ತರ:

ಪಾಠ ಮುಗಿದ ಮೇಲೆ ಅನುಮತಿ ಕೇಳಿ, ಒಪ್ಪಿದರೆ ಮಾಡಿಕೊಳ್ಳಿ. ಅದಕ್ಕಿಂತ ಹೆಚ್ಚು ಉಪಯೋಗವಾಗುವುದು ನಿಮ್ಮದೇ ವಿಡಿಯೋ. ಮೊಬೈಲನ್ನು ನೆಲದಿಂದ ಮೊಳದೆತ್ತರದಲ್ಲಿ ಇಟ್ಟು, ಗುರು ನಿಮ್ಮನ್ನು ತಿದ್ದುತ್ತಿರುವಾಗ ಸೊಂಟದಿಂದ ಕೆಳಗಿನ ಭಾಗ ಮಾತ್ರ ಕಾಣುವಂತೆ ಸೆರೆಹಿಡಿಯಲು ಯಾರನ್ನಾದರೂ ಕೇಳಿಕೊಳ್ಳಿ. ತಿದ್ದುವ ಮೊದಲು ಪಾದ ಎಲ್ಲಿತ್ತು, ತಿದ್ದಿದ ಮೇಲೆ ಎಲ್ಲಿಗೆ ಬಂತು ಎಂಬುದು ಅದರಲ್ಲಿ ಉಳಿಯುತ್ತದೆ. ದಿನವೂ ಅಂಗಡಿ ತೆರೆಯುವ ಮೊದಲು ಹತ್ತು ನಿಮಿಷ, ಗೋಡೆಗೆ ಒಂದು ಕೈ ಆನಿಸಿಕೊಂಡು, ಭಾರವನ್ನು ಎಡಕ್ಕೆ ಬಲಕ್ಕೆ ಸಾಗಿಸುವುದನ್ನಷ್ಟೇ ಮಾಡಿ. ಮಂಡಿಯಲ್ಲಿ ಚುಚ್ಚುವ ನೋವು ಬಂದರೆ ನಿಲುವನ್ನು ಇನ್ನೂ ಎತ್ತರಿಸಿ, ಮರುದಿನವೂ ನೋವು ಉಳಿದರೆ ನಿಲ್ಲಿಸಿ ವೈದ್ಯರನ್ನು ಕಾಣಿರಿ. ಹೋಗಿ ಬಂದ ಮೇಲೆ ಆ ವಿಡಿಯೋವನ್ನು ಇಲ್ಲಿ ಹಾಕಿದರೆ ನಾನೂ ನೋಡಿ ಹೇಳುತ್ತೇನೆ.