ದೊಡ್ಡ ಗಡಿಯಾರದ ಕೆಳಗೆ ನಿಂತಿರಿ

ನಮ್ಮ ಮನೆಯವರ ವಾಟ್ಸಾಪ್ ಗುಂಪಿನ ಹೆಸರು ‘ದೊಡ್ಡ ಮನೆ’. ಸದಸ್ಯರು 31. ಅಡ್ಮಿನ್ ನಾನು, ಅಂದರೆ ಜಗಳವಾದಾಗ ಎರಡೂ ಕಡೆಯಿಂದ ಬೈಸಿಕೊಳ್ಳುವವಳು. ಮೊನ್ನೆ ಭಾನುವಾರದ್ದನ್ನು ಇಲ್ಲಿ ಇಳಿಸಿದ್ದೇನೆ. ‘ಈ ಮೆಸೇಜ್ ಅಳಿಸಲಾಗಿದೆ’ ಅಂತ ಇದ್ದ ಕಡೆ ಏನಿತ್ತು ಎಂದು ನನಗೆ ಗೊತ್ತು. ಬರೆಯುವುದಿಲ್ಲ.

ಬೆಳಿಗ್ಗೆ 6:12

ಮುಂಬಯಿ ಕಾಕಾ: *ನಿಮಗೆ ಗೊತ್ತೇ???* ಮುಂಬಯಿ ವಿ.ಟಿ. (ವಿಕ್ಟೋರಿಯಾ ಟರ್ಮಿನಸ್) ಸ್ಟೇಷನ್ನಿನ ನಕ್ಷೆ ನಿಜವಾಗಿ ಆಸ್ಟ್ರೇಲಿಯಾದ ಮೆಲ್ಬರ್ನಿಗೆ ಹೋಗಬೇಕಿತ್ತು!! ಲಂಡನ್ನಿನ ಗುಮಾಸ್ತ ಲಕೋಟೆ ಅದಲುಬದಲು ಮಾಡಿದ. ನಮ್ಮದು ಅವರಿಗೆ ಹೋಯಿತು, ಅವರದು ನಮಗೆ ಬಂತು!! ತಪ್ಪದೆ ಹತ್ತು ಜನರಿಗೆ ಕಳಿಸಿ.

ಮುಂಬಯಿ ಕಾಕಾ: 30 ವರ್ಷ ಇದೇ ಸ್ಟೇಷನ್ನಿನಲ್ಲಿ ಇಳಿದು ಆಫೀಸಿಗೆ ಹೋದೆ. ಅದು ನಮ್ಮದೇ ಅಲ್ಲ ಅಂತ ಇವತ್ತು ಗೊತ್ತಾಯಿತು.

ಕೂಡಲೇ ಐದು ಜನ ಕೈ ಮುಗಿದರು. ಮೂರು ಜನ ‘ಸೂಪರ್’ ಅಂದರು. ಸೋಲಾಪುರದಿಂದ ಒಬ್ಬರು ‘ಹುಟ್ಟುಹಬ್ಬದ ಶುಭಾಶಯಗಳು’ ಎಂದು ಕೇಕ್ ಕಳಿಸಿದರು. ಯಾರ ಹುಟ್ಟುಹಬ್ಬವೂ ಇರಲಿಲ್ಲ.

ದೊಡ್ಡಪ್ಪ: ಲಕೋಟೆಯ ಮೇಲೆ ವಿಳಾಸ ಸರಿಯಾಗಿ ಬರೆಯದಿದ್ದರೆ ಏನಾಗುತ್ತದೆ ನೋಡಿ. ಈಗಿನ ಮಕ್ಕಳಿಗಂತೂ ಪಿನ್‌ಕೋಡ್ ಅಂದರೆ ಏನು ಅಂತಲೇ ಗೊತ್ತಿಲ್ಲ.

ಬೆಂಗಳೂರು ಅಣ್ಣ: ಕಾಕಾ, ಸೋರ್ಸ್ ಏನು?

ಮುಂಬಯಿ ಕಾಕಾ: ನನ್ನ ಗೆಳೆಯ ಕಳಿಸಿದ್ದು. ರೈಲ್ವೆಯಲ್ಲಿದ್ದವನು.

ಬೆಂಗಳೂರು ಅಣ್ಣ: ರೈಲ್ವೆಯಲ್ಲಿ ಏನು?

ಮುಂಬಯಿ ಕಾಕಾ: ಕ್ಯಾಂಟೀನ್.

ದೊಡ್ಡಪ್ಪ: ದೊಡ್ಡವರನ್ನು ಹೀಗೆ ಅಡ್ಡ ಪ್ರಶ್ನೆ ಕೇಳುವುದನ್ನು ಯಾರು ಕಲಿಸಿದರು?

ಅಣ್ಣ ದೊಡ್ಡಪ್ಪನ ಸ್ವಂತ ಮಗ. ಯಾರು ಕಲಿಸಿದರು ಎನ್ನುವುದು ನಮಗೆಲ್ಲ ಗೊತ್ತು. ಅಷ್ಟರಲ್ಲಿ ಮೆಲ್ಬರ್ನಿನಲ್ಲಿ ಮಧ್ಯಾಹ್ನದ ಊಟದ ಹೊತ್ತಾಗಿತ್ತು. ಅತ್ತೆಯ ಮಗಳು ಬಂದಳು.

ಮೆಲ್ಬರ್ನ್ ತಂಗಿ: ಮಾಮಾ, ನಿಮ್ಮ ಮೆಸೇಜಿನ ಜೊತೆ ಬಂದ ಫೋಟೊದಲ್ಲಿರುವುದು ಇಲ್ಲಿನ ಫ್ಲಿಂಡರ್ಸ್ ಸ್ಟ್ರೀಟ್ ಸ್ಟೇಷನ್. ನಾನು ದಿನಾ ಇಳಿಯುವುದು ಅಲ್ಲೇ. ಇಲ್ಲಿನವರೂ ಇದೇ ಕಥೆ ಹೇಳುತ್ತಾರೆ, ಆದರೆ ಬರೀ ಕಥೆ. ವಿ.ಟಿ. ಕೆಲಸ 1878ರಲ್ಲಿ ಶುರುವಾಗಿ 1888ರಲ್ಲಿ ಮುಗಿಯಿತು. ಅದರ ನಕ್ಷೆ ಮಾಡಿದ ಎಫ್. ಡಬ್ಲ್ಯು. ಸ್ಟೀವನ್ಸ್ ಮುಂಬಯಿಯಲ್ಲೇ ಕೆಲಸಕ್ಕಿದ್ದವನು. ನಮ್ಮ ಸ್ಟೇಷನ್ನಿಗೆ ನಕ್ಷೆಯ ಸ್ಪರ್ಧೆ ಇಟ್ಟಿದ್ದೇ 1899ರಲ್ಲಿ. ಗೆದ್ದವರು ಫಾಸೆಟ್ ಮತ್ತು ಆಶ್‌ವರ್ತ್, ಇಬ್ಬರೂ ಇಲ್ಲಿನ ರೈಲ್ವೆ ನೌಕರರು. ಕಟ್ಟಡ ಮುಗಿದಿದ್ದು 1910ಕ್ಕೆ. ಇದರಲ್ಲಿ ಲಂಡನ್ ಲಕೋಟೆ ಎಲ್ಲಿಂದ ಬಂತು?

ಮುಂಬಯಿ ಕಾಕಾ: ಟಪಾಲು ತಡವಾಗಿರಬಹುದು.

ಬೆಂಗಳೂರು ಅಣ್ಣ: ಕಟ್ಟಡ ಮುಗಿದ 11 ವರ್ಷದ ಮೇಲೆ ಸ್ಪರ್ಧೆ ಕಾಕಾ!

ಮುಂಬಯಿ ಕಾಕಾ: ನಿನ್ನ ಮದುವೆಯ ಕಾರ್ಡ್ ನನಗೆ ಮುಟ್ಟಿದ್ದು ಯಾವಾಗ? ಮದುವೆಯಾದ ಮೇಲೆ.

ಇಲ್ಲಿ ಎರಡು ಮೆಸೇಜ್ ಅಳಿಸಲಾಗಿದೆ.

ಬೆಂಗಳೂರು ಅಣ್ಣ: ಅದನ್ನು ಬಿಡಿ. ವಿ.ಟಿ. ಗೇಟಿನ ಎರಡು ಕಂಬಗಳ ಮೇಲೆ ಏನಿದೆ ಹೇಳಿ.

ಮುಂಬಯಿ ಕಾಕಾ: ನನಗೇ ಕೇಳ್ತೀಯಾ? ಒಂದರ ಮೇಲೆ ಸಿಂಹ, ಇನ್ನೊಂದರ ಮೇಲೆ ಹುಲಿ. ಸಿಂಹ ಅಂದರೆ ಇಂಗ್ಲೆಂಡು, ಹುಲಿ ಅಂದರೆ ನಾವು. ಕಾಗೆ ಯಾವಾಗಲೂ ಹುಲಿಯ ತಲೆ ಮೇಲೇ ಕೂರುತ್ತಿತ್ತು. ಮಳೆಗಾಲದಲ್ಲಿ ಹುಲಿ ಕಪ್ಪಗಾಗಿ ಎಮ್ಮೆಯ ಹಾಗೆ ಕಾಣುತ್ತಿತ್ತು. ಗುಮ್ಮಟದ ಮೇಲೆ ಒಬ್ಬ ಹೆಂಗಸು ನಿಂತಿದ್ದಾಳೆ. ಒಂದು ಕೈಯಲ್ಲಿ ಪಂಜು, ಇನ್ನೊಂದು ಕೈಯಲ್ಲಿ ಚಕ್ರ. ಗೋಡೆಯ ತುಂಬ ನವಿಲು, ಮಂಗ, ಎಲೆ, ಬಳ್ಳಿ. ಅಲ್ಲಿನ ಕಲಾಶಾಲೆಯ ಹುಡುಗರೂ ಸೇರಿ ಕೆತ್ತಿದ್ದು. ಎದುರಿಗಿರುವ ನಗರಪಾಲಿಕೆ ಕಟ್ಟಡವೂ ಅದೇ ಸ್ಟೀವನ್ಸ್‌ದು.

ಬೆಂಗಳೂರು ಅಣ್ಣ: ಮತ್ತೆ ಮೆಲ್ಬರ್ನಿಗೆ ಹುಲಿ ಯಾಕೆ ಕಾಕಾ?

ಮುಂಬಯಿ ಕಾಕಾ: ಕಾಂಗರೂ ನೋಡಿದವರು ಸಿಕ್ಕಿರಲಿಕ್ಕಿಲ್ಲ.

ನಾನು ಸುಮ್ನೆ ಓದುತ್ತಿದ್ದೆ. ಬೆಳಗಾಗೆದ್ದು ಸುಳ್ಳು ಕಳಿಸಿದ್ದು ಇದೇ ಮನುಷ್ಯ. ಆ ಕಾಗೆಯ ವಿಷಯ ಮಾತ್ರ ಯಾವ ಫಾರ್ವರ್ಡಿನಲ್ಲೂ ಸಿಗುವುದಿಲ್ಲ. ಇದನ್ನು ಬರೆದರೆ ಅಣ್ಣನಿಗೆ ಸಿಟ್ಟು ಬರುತ್ತದೆ ಎಂದು ಬರೆಯಲಿಲ್ಲ.

ಇನ್ನೊಬ್ಬ ತಮ್ಮ ಬಂದು ‘ಅದು ವಿ.ಟಿ. ಅಲ್ಲ, 1996ರಲ್ಲೇ ಹೆಸರು ಬದಲಾಗಿದೆ, ಈಗ ಸಿಎಸ್‌ಎಂಟಿ’ ಅಂದ. ‘ನಿನ್ನನ್ನು ಇವತ್ತಿಗೂ ಗುಂಡ ಅಂತಲೇ ಕರೆಯುತ್ತೇವಲ್ಲ’ ಎಂದು ಕಾಕಾ ಉತ್ತರ ಕೊಟ್ಟರು. ಅವನು ಮತ್ತೆ ಬರಲಿಲ್ಲ.

ಹುಬ್ಬಳ್ಳಿ ಮಾವ: ಆ ಮೆಲ್ಬರ್ನಿನ ಪ್ಲಾಟ್‌ಫಾರ್ಮ್ ಎಷ್ಟು ಉದ್ದ ಇದೆ?

ಮೆಲ್ಬರ್ನ್ ತಂಗಿ: ಒಂದನೆಯದು 708 ಮೀಟರ್.

ಹುಬ್ಬಳ್ಳಿ ಮಾವ: ನಮ್ಮದು 1507. ಜಗತ್ತಿನಲ್ಲೇ ಉದ್ದ. ಗಿನ್ನೆಸ್.

2023ರ ಮಾರ್ಚಿನಲ್ಲಿ ಅದು ಉದ್ಘಾಟನೆಯಾಯಿತು. ಅಂದಿನಿಂದ ಗುಂಪಿನಲ್ಲಿ ಯಾವ ಮಾತು ಬಂದರೂ ಮಾವ ಈ ಸಂಖ್ಯೆ ಹಾಕುತ್ತಾರೆ. ಒಮ್ಮೆ ಶ್ರದ್ಧಾಂಜಲಿಯ ಕೆಳಗೂ ಹಾಕಿದ್ದರು.

ತಂಗಿ ಉತ್ಸಾಹದಲ್ಲಿ ಇನ್ನಷ್ಟು ಫೋಟೊ ಹಾಕಿದಳು. ಹಳದಿ ಗೋಡೆ, ಹಸಿರು ಗುಮ್ಮಟ, ಪಕ್ಕದಲ್ಲಿ ಯಾರಾ ನದಿ, ರಸ್ತೆಯಾಚೆ ಸೇಂಟ್ ಪಾಲ್ಸ್ ಚರ್ಚು. ಮೂರನೇ ಮಹಡಿಯಲ್ಲಿ ಒಂದು ಡಾನ್ಸ್ ಹಾಲ್ ಇದೆಯಂತೆ. ಒಂದು ಕಾಲಕ್ಕೆ ರೈಲ್ವೆ ನೌಕರರಿಗೆ ಅದೇ ಕಟ್ಟಡದಲ್ಲಿ ಲೈಬ್ರರಿ, ವ್ಯಾಯಾಮಶಾಲೆ ಎಲ್ಲ ಇತ್ತಂತೆ.

ದೊಡ್ಡಪ್ಪ: ಮೇಲೆ ನೌಕರರು ಕುಣಿಯುತ್ತಿದ್ದರೆ ಕೆಳಗೆ ಗಾಡಿಗೆ ಹಸಿರು ಬಾವುಟ ಯಾರು ತೋರಿಸುತ್ತಾರೆ? ನಾವು 1853ರ ಏಪ್ರಿಲ್ 16ಕ್ಕೇ ಬೋರಿ ಬಂದರಿನಿಂದ ಠಾಣೆಗೆ ಗಾಡಿ ಬಿಟ್ಟವರು.

ಮೆಲ್ಬರ್ನ್ ತಂಗಿ: ಇಲ್ಲಿ ಮೊದಲ ಗಾಡಿ ಹೊರಟಿದ್ದು 1854ರ ಸೆಪ್ಟೆಂಬರಿನಲ್ಲಿ. ನೀವೇ ಗೆದ್ದಿರಿ ದೊಡ್ಡ ಮಾಮಾ. ನನಗೆ ಇಷ್ಟ ಇಲ್ಲಿನ ಗಡಿಯಾರಗಳು. ದೊಡ್ಡ ಬಾಗಿಲ ಮೇಲೆ ಸಾಲಾಗಿ ಇವೆ. ಒಂದೊಂದು ಮಾರ್ಗದ ಮುಂದಿನ ಗಾಡಿ ಎಷ್ಟಕ್ಕೆ ಅಂತ ತೋರಿಸುತ್ತವೆ. 1983ರಲ್ಲಿ ಅವನ್ನು ತೆಗೆದು ಡಿಜಿಟಲ್ ಬೋರ್ಡ್ ಹಾಕಲು ಹೊರಟಾಗ ಜನ ಗಲಾಟೆ ಮಾಡಿ ಒಂದೇ ದಿನದಲ್ಲಿ ಆ ತೀರ್ಮಾನ ಬದಲಿಸಿದರು. ಯಾರನ್ನಾದರೂ ಭೇಟಿಯಾಗುವುದಿದ್ದರೆ ಇಲ್ಲಿ ಎಲ್ಲರೂ ಹೇಳುವುದು ಒಂದೇ, ‘ಗಡಿಯಾರದ ಕೆಳಗೆ ಸಿಗೋಣ’.

ಹತ್ತು ನಿಮಿಷ ಯಾರೂ ಮಾತಾಡಲಿಲ್ಲ. ಬಿರುಗಾಳಿ ಬರುತ್ತದೆ ಎಂದು ನನಗೆ ಗೊತ್ತಾಗಿಹೋಯಿತು.

ಸೋಲಾಪುರ ಅತ್ತೆ: ಗಡಿಯಾರದ ಕೆಳಗೆ. ಈ ಮಾತು ನಾನು ಮೊದಲೂ ಕೇಳಿದ್ದೇನೆ.

ಮುಂಬಯಿ ಕಾಕಾ: ಅಕ್ಕಾ, ಈಗ ಅದು ಬೇಡ.

ಸೋಲಾಪುರ ಅತ್ತೆ: ಯಾಕೆ ಬೇಡ? 1986. ಮೀಟರ್ ಗೇಜ್ ಗಾಡಿಯಲ್ಲಿ ಕೂತು ಮೀರಜಿಗೆ ಬಂದು, ಅಲ್ಲಿ ಟ್ರಂಕು, ರೊಟ್ಟಿಯ ಗಂಟು, ನಾಲ್ಕು ವರ್ಷದ ಈ ಅಡ್ಮಿನ್ನು, ಎಲ್ಲವನ್ನೂ ಇಳಿಸಿ ಮಹಾಲಕ್ಷ್ಮಿ ಎಕ್ಸ್‌ಪ್ರೆಸ್ಸಿಗೆ ಹತ್ತಿಸಿದೆವು. ಬೆಳಿಗ್ಗೆ ವಿ.ಟಿ.ಯಲ್ಲಿ ಇಳಿದು ನೀನು ಹೇಳಿದ ಹಾಗೆ ದೊಡ್ಡ ಗಡಿಯಾರದ ಕೆಳಗೆ ನಿಂತೆವು. ನಾಲ್ಕು ತಾಸು. ನಿನ್ನ ಕಾಗೆ ಹುಲಿಯ ತಲೆ ಮೇಲಷ್ಟೇ ಕೂರುವುದಿಲ್ಲಪ್ಪ. ನನ್ನ ಹೊಸ ಇಳಕಲ್ ಸೀರೆ ಹಾಳಾಯಿತು.

ಮುಂಬಯಿ ಕಾಕಾ: ನಾನು ದಾದರಿನಲ್ಲಿ ನಾಲ್ಕು ತಾಸು ನಿಂತಿದ್ದೆ! ಆಗ ನಮ್ಮ ಮನೆ ಮಾಟುಂಗದಲ್ಲಿ. ಮಾಟುಂಗಕ್ಕೆ ಹೋಗುವವರು ದಾದರಿನಲ್ಲಿ ಇಳಿಯುತ್ತಾರೋ ವಿ.ಟಿ.ಗೆ ಹೋಗುತ್ತಾರೋ? ದಾದರ್ ಅಂತ ಪತ್ರದಲ್ಲಿ ಸ್ಪಷ್ಟವಾಗಿ ಬರೆದಿದ್ದೆ.

ಸೋಲಾಪುರ ಅತ್ತೆ: ವಿ.ಟಿ. ಅಂತ ಬರೆದಿದ್ದೆ.

ಬೆಂಗಳೂರು ಅಣ್ಣ: ಸೋರ್ಸ್?

ಆಮೇಲೆ ನಡೆದದ್ದನ್ನು ಪೂರ್ತಿ ಬರೆಯಲಾರೆ. ಆ ವರ್ಷದ ಮದುವೆ, ಮದುವೆಯಲ್ಲಿ ಯಾರಿಗೆ ಯಾವ ಕೋಣೆ ಕೊಟ್ಟರು, ಯಾರ ಊಟದಲ್ಲಿ ಹೋಳಿಗೆ ಮುಗಿದಿತ್ತು, ಎಲ್ಲ ಹೊರಗೆ ಬಂತು. ಅಪ್ಪ ಎಂದಿನಂತೆ ಎಲ್ಲವನ್ನೂ ಓದಿ ಏನೂ ಬರೆಯಲಿಲ್ಲ. ಹುಬ್ಬಳ್ಳಿ ಮಾವ ನಡುವೆ ಒಮ್ಮೆ 1507 ಎಂದರು. ಮೆಲ್ಬರ್ನ್ ತಂಗಿ ನನಗೆ ಬೇರೆಯಾಗಿ ಮೆಸೇಜ್ ಮಾಡಿ, ‘ನಾನು ಏನಾದರೂ ತಪ್ಪು ಹೇಳಿದೆನಾ’ ಎಂದು ಕೇಳಿದಳು.

ಮಧ್ಯಾಹ್ನ 1:40ಕ್ಕೆ ಅವ್ವ ಒಂದು ಫೋಟೊ ಹಾಕಿದಳು. ಅಟ್ಟದ ಮೇಲಿನ ಟ್ರಂಕಿನಿಂದ ತೆಗೆದದ್ದು. ನೀಲಿ ಇನ್‌ಲ್ಯಾಂಡ್ ಲೆಟರ್. ಮಡಿಕೆಯಲ್ಲಿ ಹರಿದಿದೆ, ಒಂದು ಮೂಲೆಗೆ ಎಣ್ಣೆ ಹತ್ತಿದೆ. ಅಕ್ಷರ ಮಾತ್ರ ಮುತ್ತಿನ ಹಾಗೆ.

‘ಮಹಾಲಕ್ಷ್ಮಿಗೆ ಬನ್ನಿ. ಇಳಿದು ದೊಡ್ಡ ಗಡಿಯಾರದ ಕೆಳಗೆ ನಿಂತಿರಿ. ನಾನು ಬಂದು ಕರೆದುಕೊಂಡು ಹೋಗುತ್ತೇನೆ. ಎಲ್ಲಿಗೂ ಅಲುಗಬೇಡಿ.’

ಸ್ಟೇಷನ್ನಿನ ಹೆಸರು ಮೇಲೂ ಇಲ್ಲ, ಕೆಳಗೂ ಇಲ್ಲ.

ದೊಡ್ಡಪ್ಪ: ಪಿನ್‌ಕೋಡೂ ಇಲ್ಲ.

ಕಾಕಾ ಟೈಪ್ ಮಾಡುತ್ತಿದ್ದಾರೆ ಎಂದು ತೋರಿಸಿತು. ನಿಂತಿತು. ಮತ್ತೆ ತೋರಿಸಿತು.

ಮುಂಬಯಿ ಕಾಕಾ: ವೈನಿ, ಇದು ನನ್ನ ಅಕ್ಷರ ಅಲ್ಲ.