ಬಿಸಿಲಲ್ಲಿ ಹಾರುವ ಹುಳಕ್ಕೂ ಪತಂಗ ಅನ್ನಬಹುದಾ?

ಗೆಳೆಯರೇ, ಒಂದು ಪದ ಬೇಕಾಗಿದೆ.

ಮಧುಗಿರಿ ತಾಲೂಕಿನ ಮೈದನಹಳ್ಳಿಯಲ್ಲಿ ಕೃಷ್ಣಮೃಗಗಳ ಹುಲ್ಲುಗಾವಲು ಇದೆಯಲ್ಲ, ಅಲ್ಲಿ ನಡೆಯುವಾಗ ಕಾಲ ಹತ್ತಿರದಿಂದ ಬಿಳಿ ಹುಳವೊಂದು ಎದ್ದು, ನಾಲ್ಕು ಮಾರು ಹಾರಿ, ಮತ್ತೆ ಹುಲ್ಲುಕಡ್ಡಿಗೆ ಅಂಟಿಕೊಂಡಿತು. ಬಗ್ಗಿ ನೋಡಿದೆ. ರೆಕ್ಕೆಯನ್ನು ಮೈಗೆ ಸುತ್ತಿಕೊಂಡು ಕೂತಿದೆ, ಬಿಳಿ ರೆಕ್ಕೆ ತುಂಬಾ ಕುಂಕುಮ, ಕಾಡಿಗೆ ಚುಕ್ಕಿ ಇಟ್ಟ ಹಾಗೆ. ವಿಜ್ಞಾನಿಗಳ ಲೆಕ್ಕದಲ್ಲಿ ಯುಟೆಥೀಸಾ ಅನ್ನುವ ಕುಲದ್ದು. ಈ ಕುಲದ ಒಂದಕ್ಕೆ ಸ್ವೀಡನ್ನಿನ ಜೀವವಿಜ್ಞಾನಿ ಲಿನೇಯಸ್ 1758ರಲ್ಲಿ ಪುಲ್ಕೆಲ್ಲಾ ಅಂತ ಹೆಸರಿಟ್ಟ. ಲ್ಯಾಟಿನ್‌ನಲ್ಲಿ ಪುಟ್ಟ ಚೆಲುವೆ ಅಂತ ಅರ್ಥ.

ಕನ್ನಡದಲ್ಲಿ ಏನನ್ನೋಣ? ಇಂಗ್ಲಿಷಿನಲ್ಲಿ ಮಾತ್ (moth) ಅನ್ನುವ ಇಂಥದಕ್ಕೆಲ್ಲ ಪುಸ್ತಕದಲ್ಲಿ ಪತಂಗ ಅಂತ ಬರೆಯುತ್ತೇವೆ. ಆದರೆ ಪತಂಗ ಅಂದ ಕೂಡಲೇ ದೀಪಕ್ಕೆ ಬೀಳುವ ಹುಳ ಕಣ್ಣಿಗೆ ಬರುತ್ತದೆ, ಅಲ್ವಾ? ಸಂಸ್ಕೃತದಲ್ಲಿ ಆ ಪದಕ್ಕೆ ಹಕ್ಕಿ, ಸೂರ್ಯ ಅನ್ನುವ ಅರ್ಥವೂ ಇದೆ, ನಮ್ಮಲ್ಲಿ ಉಳಿದದ್ದು ದೀಪದ ಹುಳ. ಹಾತೆ ಅಂದರೂ ಅದೇ. ಇದೋ, ಮಟಮಟ ಮಧ್ಯಾಹ್ನ ಹಾರುತ್ತದೆ.

ಶಿಡ್ಲಘಟ್ಟದ ಹತ್ತಿರ ರೇಷ್ಮೆ ಮಾಡುವ ನಮ್ಮತ್ತೆಗೆ ಫೋಟೋ ತೋರಿಸಿದೆ.

"ಚಿಟ್ಟೆ ಕಣೋ, ಇನ್ನೇನು?"

ಚಿಟ್ಟೆ ಬೇರೆಯಂತೆ ಅತ್ತೆ, ಅಂದೆ. "ಗೂಡು ತೂತು ಮಾಡ್ಕೊಂಡು ಬರೋದೂ ಚಿಟ್ಟೇನೇ ಅಲ್ವೇನೋ?" ಅಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ಹುಳ ಪೊರೆ ಬಿಡಲು ಮೇವು ನಿಲ್ಲಿಸಿದರೆ ಜ್ವರ, ಗೂಡು ಕಟ್ಟುವ ಹೊತ್ತಿಗೆ ಹಣ್ಣು ಅಂತ ಒಂದೊಂದು ಹಂತಕ್ಕೂ ಹೆಸರಿಟ್ಟ ಜನ ಇವರು. ಅವರಿಗೇ ಚಿಟ್ಟೆ, ಪತಂಗ ಅಂತ ಎರಡು ಮಾಡುವ ಅಗತ್ಯ ಕಂಡಿಲ್ಲ. ನನಗಂತೂ ಅತ್ತೆ ಮಾತೇ ಸರಿ ಅನಿಸುತ್ತದೆ.

ಹುಲ್ಲುಗಾವಲಿನ ಆ ಹುಳದ ಮರಿ ತಿನ್ನುವುದು ಅಪ್ಸೆಣಬಿನ ಜಾತಿಯ ಕಾಡುಗಿಡಗಳನ್ನು. ಒಣಗಿದ ಕಾಯಿ ಅಲ್ಲಾಡಿಸಿದರೆ ಒಳಗೆ ಬೀಜ ಗಿಲಿಗಿಲಿ ಅನ್ನುತ್ತದಲ್ಲ, ಅದೇ ಗಿಡ. ಅದರ ಕುಲದ ಹೆಸರು ಕ್ರೊಟಲೇರಿಯಾ, ಅದೂ ಗಿಲಕಿಯಂತೆ ಸದ್ದು ಮಾಡುವ ಒಂದು ಗ್ರೀಕ್ ವಾದ್ಯದಿಂದ ಬಂದದ್ದು. ಆ ಗಿಡದ ವಿಷ ಹುಳದ ಮೈಗೂ ಸೇರುವುದರಿಂದ ಹಕ್ಕಿಗಳು ಇದನ್ನು ತಿನ್ನಲು ಹಿಂಜರಿಯುತ್ತವೆ, ಹಗಲಲ್ಲಿ ಇಷ್ಟು ಧೈರ್ಯವಾಗಿ ತಿರುಗುವುದೂ ಅದಕ್ಕೇ. ನಿಂಬೆ ಚಿಟ್ಟೆ ಅನ್ನುತ್ತೇವಲ್ಲ, ಹಾಗೆ ಗಿಲಿಗಿಲಿ ಚಿಟ್ಟೆ ಅಂದರೆ ಹೇಗೆ?

ಆದರೆ ಊರಲ್ಲಿ ಹೆಸರು ಇರುವಾಗ ಸುಮ್ನೆ ಹೊಸದು ಕಟ್ಟುವುದು ನನಗೆ ಇಷ್ಟವಿಲ್ಲ. ಪಾವಗಡ, ಶಿರಾ, ಗುಡಿಬಂಡೆ ಕಡೆ ಬೀಳಿನಲ್ಲಿ ಕುರಿ ಮೇಯಿಸಿದವರು ಇದನ್ನು ಏನಂತ ಕರೆಯುತ್ತಾರೆ? ತೆಲುಗು ಹೆಸರಾದರೂ ಸರಿ, ಬರೆಯಿರಿ.