ಸಮಸ್ಯಾಪೂರಣ: ಕಾಲನ ಕಟಕಟೆ

ಸಮಸ್ಯೆ ಕೊಟ್ಟವರು:

ಎಲ್ಲರಿಗೂ ನಮಸ್ಕಾರ. ಈ ವಾರ ಭಾಮಿನಿ ಷಟ್ಪದಿ, ಅಂದರೆ ಆರು ಸಾಲಿನ ಪದ್ಯ. ಕೊನೆಯ ಸಾಲು ಇದು, ಮೊದಲ ಐದು ಸಾಲು ಬರೆದು ಪೂರಣ ಮಾಡುವವರು ನೀವು:

ತಪ್ಪು ಮಾಡುವ ಮೊದಲೆ ತೀರ್ಪನು ಕೊಟ್ಟನಾ ಕಾಲ

ಒಂದು ಕಲ್ಪನೆಯ ನ್ಯಾಯಪೀಠವನ್ನು ಕಣ್ಮುಂದೆ ತಂದುಕೊಳ್ಳಿ. ಕಾಲದಲ್ಲಿ ಹಿಂದಕ್ಕೂ ಮುಂದಕ್ಕೂ ಓಡಾಡುವವರ ಜಗಳಗಳೆಲ್ಲ ಅಲ್ಲಿಗೆ ಬರುತ್ತವೆ. ಪೀಠದ ಮೇಲೆ ಕೂತವನ ಹೆಸರು ಕಾಲ. ನಮ್ಮಲ್ಲಿ ಕಾಲ ಅಂದರೆ ಸಮಯವೂ ಹೌದು, ಯಮನೂ ಹೌದು. ಯಮನೇ ಧರ್ಮರಾಯ. ಈ ಕೆಲಸಕ್ಕೆ ಇನ್ಯಾರನ್ನು ಹುಡುಕೋಣ?

ಹೊಸಬರಿಗೆ ಒಂದು ಮಾತು. ಹ್ರಸ್ವ ಅಕ್ಷರ ಲಘು, ಅದಕ್ಕೆ ಒಂದು ಮಾತ್ರೆ. ದೀರ್ಘವೂ ಒತ್ತಕ್ಷರದ ಹಿಂದಿನ ಅಕ್ಷರವೂ ಗುರು, ಎರಡು ಮಾತ್ರೆ. 1, 2, 4, 5ನೇ ಸಾಲಿಗೆ 3+4+3+4 ಮಾತ್ರೆ. 3 ಮತ್ತು 6ನೇ ಸಾಲಿಗೆ 3+4+3+4+3+4, ಕೊನೆಗೊಂದು ಗುರು. ಅಲ್ಲಿ ಲಘು ಬಂದರೂ ಗುರು ಅಂತಲೇ ಲೆಕ್ಕ. ಆದಿಪ್ರಾಸ 'ಪ್ಪ'. ಆರೂ ಸಾಲಿನ ಎರಡನೇ ಅಕ್ಷರದ ವ್ಯಂಜನ ಅದೇ ಇರಬೇಕು. 'ಕೊಟ್ಟನಾ' ಅನ್ನುವಲ್ಲಿ ಒಂದು ಸಣ್ಣ ಬಾಗಿಲು ಇಟ್ಟಿದ್ದೇನೆ, ಹುಡುಕಿ.

ಪೂರಣ 1:

ಅಪ್ಪ ಹುಟ್ಟದ ಕಾಲಕೋಡಿದ
ಕುಪ್ಪಳಿಸಿ ಮೊಮ್ಮಗನು ಯಂತ್ರದಿ
ತಪ್ಪಿಸುವೆನಜ್ಜನಿಗೆ ಮದುವೆಯನೆಂಬ ಹಟ ಹಿಡಿದು
ಚಪ್ಪರದ ಬಾಗಿಲಲಿ ಕಾದನು
ದಪ್ಪ ಹೊತ್ತಗೆ ಹಿಡಿದ ಹಿರಿಯನು
ತಪ್ಪು ಮಾಡುವ ಮೊದಲೆ ತೀರ್ಪನು ಕೊಟ್ಟನಾ ಕಾಲ

ಅಜ್ಜನ ಮದುವೆ ತಪ್ಪಿದರೆ ಅಪ್ಪ ಹುಟ್ಟಲ್ಲ. ಅಪ್ಪ ಇಲ್ಲದೆ ಇವನಿಲ್ಲ. ಇವನೇ ಇಲ್ಲದಿದ್ದರೆ ಮದುವೆ ತಪ್ಪಿಸಿದ್ದು ಯಾರು? ವಿಜ್ಞಾನ ಕಥೆಗಳ ಹಳೇ ಗಂಟು ಇದು. ಕಾಲ ಇದಕ್ಕೆ ಪುಸ್ತಕ ತೆರೆಯುವುದೂ ಬೇಡ. "ನೀನು ಇಲ್ಲಿ ನಿಂತಿದ್ದೀಯಲ್ಲ, ಮದುವೆ ಆಗಿದೆ ಅನ್ನುವುದಕ್ಕೆ ಅದೇ ಸಾಕ್ಷಿ" ಅಂದರೆ ಮುಗಿಯಿತು.

ಸಮಸ್ಯೆ ಕೊಟ್ಟವರು:

ಚಪ್ಪರ ತುಂಬಾ ಚೆನ್ನಾಗಿ ಕೂತಿದೆ. ಪ್ರಾಸಕ್ಕೆ ಎಳೆದು ತಂದ ಪದ ಅನ್ನಿಸಲಿಲ್ಲ. ನ್ಯಾಯಪೀಠವೇ ಮದುವೆ ಮನೆಗೆ ಬಂದುಬಿಟ್ಟಿದೆ! 'ಹಿರಿಯ' ಮಾತ್ರ ನನಗೆ ಒಪ್ಪಿಗೆಯಿಲ್ಲ. ಕಾಲನಿಗೆ ವಯಸ್ಸು ಕೊಟ್ಟ ಹಾಗಾಯಿತು, ಅಲ್ವಾ?

ಪೂರಣ 2:

ಮೇಷ್ಟ್ರೇ, ನಾನು ಮಾಂಡವ್ಯರ ಕಡೆಯಿಂದ ವಾದ ಮಾಡುತ್ತೇನೆ.

ತಪ್ಪನರಿಯದ ಹಸುಳೆ ಹುಳುವಿಗೆ
ದಪ್ಪ ಹುಲ್ಲಿನ ಮೊನೆಯ ಚುಚ್ಚಿತು
ನೆಪ್ಪಿರದ ದಿನಕವಗೆ ಶೂಲವೆ? ಧರ್ಮವೆನಿಸುವುದೇ?
ಅಪ್ಪಣೆಯ ಕೊಡುವವನೆ ನಿಂತನು
ಕಪ್ಪು ಮೋರೆಯ ಹೊತ್ತು, ಹೇಳಿರಿ,
ತಪ್ಪು ಮಾಡುವ ಮೊದಲೆ ತೀರ್ಪನು ಕೊಟ್ಟನಾ, ಕಾಲ?

ಸಮಸ್ಯೆ ಕೊಟ್ಟವರು:

ಬಾಗಿಲು ಸಿಕ್ಕಿತು! 'ಕೊಟ್ಟನು ಆ ಕಾಲ' ಅಂತ ಬಿಡಿಸಿದರೆ ಹೇಳಿಕೆ. 'ಕೊಟ್ಟನಾ?' ಅಂತ ನಿಲ್ಲಿಸಿದರೆ ಪ್ರಶ್ನೆ. ಒಂದು ಅಕ್ಷರವೂ ಬದಲಾಗಿಲ್ಲ.

ಕಥೆ ಗೊತ್ತಿಲ್ಲದವರಿಗೆ ಹೇಳುತ್ತೇನೆ. ಇದು ಮಹಾಭಾರತದ ಆದಿಪರ್ವದ್ದು. ಕಳ್ಳರು ಕದ್ದ ಮಾಲನ್ನು ಮಾಂಡವ್ಯರ ಆಶ್ರಮದಲ್ಲಿ ಅಡಗಿಸಿದರು. ಋಷಿ ಮೌನದಲ್ಲಿದ್ದರು, ಉತ್ತರ ಕೊಡಲಿಲ್ಲ. ರಾಜ ಅವರನ್ನೂ ಶೂಲಕ್ಕೆ ಹಾಕಿಸಿದ. ಆಮೇಲೆ ಅವರು ಧರ್ಮರಾಯನನ್ನೇ ಕೇಳಿದರು, ನಾನು ಮಾಡಿದ್ದೇನು ಅಂತ. ನೀನು ಚಿಕ್ಕವನಿದ್ದಾಗ ಹುಳುಗಳಿಗೆ ಹುಲ್ಲುಕಡ್ಡಿ ಚುಚ್ಚಿದ್ದೆ, ಅದರ ಫಲ ಇದು ಅಂದ ಅವನು. ಅಷ್ಟು ಸಣ್ಣದಕ್ಕೆ ಇಷ್ಟು ದೊಡ್ಡ ಶಿಕ್ಷೆಯಾ ಅಂತ ಮಾಂಡವ್ಯರು ಅವನಿಗೇ ಶಾಪ ಕೊಟ್ಟರು. ಧರ್ಮರಾಯ ಭೂಮಿಯಲ್ಲಿ ವಿದುರನಾಗಿ ಹುಟ್ಟಿದ. 14 ವರ್ಷದೊಳಗೆ ಮಾಡಿದ್ದು ಪಾಪವಲ್ಲ ಅನ್ನುವ ಗಡಿಯನ್ನೂ ಮಾಂಡವ್ಯರೇ ಹಾಕಿದರು.

ನಿಮ್ಮ ಪೂರಣ ಓದಿ ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದೆ. ಮಗು ಚುಚ್ಚಿದ್ದು ನಿಜ. ಅದು 'ತಪ್ಪು' ಆಗುವಷ್ಟು ಮಗು ಬೆಳೆದಿರಲಿಲ್ಲ. ಅಂದಮೇಲೆ ತಪ್ಪಿಗಿಂತ ತೀರ್ಪೇ ಮೊದಲು ಬಂದ ಹಾಗೆ. ನಾನು ಸಾಲು ಕೊಟ್ಟಾಗ ಯಂತ್ರ ಹತ್ತಿ ಓಡುವವರನ್ನಷ್ಟೇ ನೆನೆದಿದ್ದೆ. ನೀವು ಯಂತ್ರವೇ ಇಲ್ಲದೆ ಕಾಲವನ್ನು ತಿರುಗಿಸಿದ್ದೀರಿ. 'ನೆಪ್ಪು' ಅನ್ನುವ ಹಳ್ಳಿಯ ಮಾತೂ ಅಲ್ಲಿ ಎಷ್ಟು ಹಗುರವಾಗಿ ಬಂದಿದೆ!

ಪೂರಣ 3:

ನಾನು ಹೊಸಬಳು. ರೇವತಿಯ ಕಥೆ ಹಿಡಿದಿದ್ದೇನೆ. ಮೊದಲ ಸಾಲು ಸರಿಯಿದೆಯಾ, ನೋಡಿ:

ರೇವತಿಯ ಕೈ ಹಿಡಿದು ಹೊರಟನು

ಪೂರಣ 2 ಬರೆದವರು:

ಮಾತ್ರೆ ಸರಿಯಿದೆಯಮ್ಮ, ಪ್ರಾಸ ತಪ್ಪಿದೆ. ಎರಡನೇ ಅಕ್ಷರ 'ವ' ಬಂತು. ಅಪ್ಪನಿಂದ ಶುರು ಮಾಡು.

ಪೂರಣ 3:

ಅಪ್ಪನೊಡನೇ ಹೊರಟ ರೇವತಿ
ಇಪ್ಪತೇಳರ ಬಳಿಕ ಮರಳಲು
ಒಪ್ಪುವಾ ವರರೆಲ್ಲ ಕಾಲನ ಮನೆಯ ಸೇರಿದರು

ನಾಲ್ಕು, ಐದನೇ ಸಾಲು ಸಿಗುತ್ತಿಲ್ಲ ಅಕ್ಕಾ.

ಸಮಸ್ಯೆ ಕೊಟ್ಟವರು:

ಇಪ್ಪತ್ತೇಳು ತಾನಾಗಿಯೇ ಪ್ರಾಸಕ್ಕೆ ಬಿದ್ದಿದೆ, ನೋಡಿ! ಕುಶಸ್ಥಲಿಯ ರಾಜ ಕಕುದ್ಮಿ ಮಗಳಿಗೆ ವರ ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಾನ ನಡೆಯುತ್ತಿತ್ತು, ಮುಗಿಯಲಿ ಅಂತ ಕಾದ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿತ್ತು. ಒಂದಕ್ಕೆ 43,20,000 ವರ್ಷ. ಒಟ್ಟು 11 ಕೋಟಿ 66 ಲಕ್ಷ 40 ಸಾವಿರ. ಅವನು ಮನಸ್ಸಿನಲ್ಲಿಟ್ಟಿದ್ದ ವರರ ಮೊಮ್ಮಕ್ಕಳ ಹೆಸರೂ ಉಳಿದಿರಲಿಲ್ಲ. ಬಲರಾಮನಿಗೆ ಕೊಡು ಅಂತ ಬ್ರಹ್ಮನೇ ಹೇಳಿದ.

ಅಪ್ಪ ಕೇಳಿದ, ಬ್ರಹ್ಮ ಹೇಳಿದ. ತಪ್ಪು ಯಾರದು, ತೀರ್ಪು ಯಾರ ಮೇಲೆ? ಗೆಳತಿಯರು, ಊರು, ತನ್ನ ಕಾಲ, ಎಲ್ಲ ಕಳೆದುಕೊಂಡವಳು ರೇವತಿ. ಅವಳನ್ನು ಯಾರೂ ಕೇಳಿಲ್ಲ. ಉಳಿದ ಎರಡು ಸಾಲಿನಲ್ಲಿ ಅವಳೇ ಕಾಲನ ಮುಂದೆ ನಿಂತು ಮಾತಾಡಲಿ. ಭಾನುವಾರದವರೆಗೆ ಕಾಯುತ್ತೇನೆ.